ಕೈಗುಣ ಅಂದ್ರೆ ಏನು ಸ್ವಾಮಿ?

ನಮ್ಮ ಕಡೆ ಡಾಕ್ಟರನ್ನು ಆರಿಸುವುದಕ್ಕೆ ಇರೋದು ಒಂದೇ ಮಾನದಂಡ: ಕೈಗುಣ. "ಅವರ ಕೈಗುಣ ಚೆನ್ನಾಗಿದೆ ಕಣ್ರೀ, ಮುಟ್ಟಿದ್ರೆ ಸಾಕು ವಾಸಿ ಆಗತ್ತೆ" ಅಂತ ಪಕ್ಕದ ಮನೆಯವರು ಒಂದು ಮಾತು ಹೇಳಿದರೆ ಮುಗೀತು, ಮರುದಿನ ಬೆಳಿಗ್ಗೆ ಅಲ್ಲಿ ಟೋಕನ್ ತಗೊಂಡು ಕೂತಿರ್ತೀವಿ. ಗಿಡ ನೆಡುವವರಿಗೂ ಕೈಗುಣ, ಉಪ್ಪಿನಕಾಯಿ ಹಾಕುವವರಿಗೂ ಕೈಗುಣ, ಅಂಗಡಿಯಲ್ಲಿ ಬೋಣಿ ಮಾಡುವ ಗಿರಾಕಿಗೂ ಕೈಗುಣ. ಅದೇನೋ ಹುಟ್ಟುತ್ತಲೇ ಬರುವ, ದೇವರು ಕೊಟ್ಟರೆ ಉಂಟು ಇಲ್ಲದಿದ್ದರೆ ಇಲ್ಲ ಅನ್ನುವಂಥ ವಸ್ತು ಅಂತಲೇ ನಾವೆಲ್ಲ ನಂಬಿದ್ದೀವಿ.

ಮಾತ್ರೆ ಬರೆದುಕೊಡುವ ಡಾಕ್ಟರ ವಿಷಯದಲ್ಲಿ ಈ ನಂಬಿಕೆ ಹೇಗೋ ನಡೆದುಹೋಗಬಹುದು. ಹೊಟ್ಟೆ ಕೊಯ್ಯುವವರ ವಿಷಯದಲ್ಲಿ ನನಗೆ ಇದು ಸುತರಾಂ ಒಪ್ಪಿಗೆ ಇಲ್ಲ. ಸರ್ಜನ್ನಿನ ಕೈಗುಣ ಪಳಗಿಸಿದರೆ ಬರುತ್ತೆ. ಅದನ್ನು ಅಳೆಯಬಹುದು. ಅದರ ದೊಡ್ಡ ಪಾಲನ್ನು ಆಪರೇಶನ್ ಥಿಯೇಟರಿನ ಹೊರಗೇ, ಯಾರ ಮೈಗೂ ಕತ್ತರಿ ತಾಗಿಸದೆ ಕಲಿಯಬಹುದು. ಹಾಗೆ ಕಲಿಯುವುದಕ್ಕೆ ದಾರಿ ಇದ್ದೂ ಕಲಿಸದೆ ಒಬ್ಬ ಹುಡುಗನನ್ನು ಬಡರೋಗಿಯ ಮುಂದೆ ನಿಲ್ಲಿಸುವುದು ಅನ್ಯಾಯ. ನಾನು ಡಾಕ್ಟರಲ್ಲ, ಕೋಡ್ ಕುಟ್ಟಿ ಹೊಟ್ಟೆ ಹೊರೆಯುವವನು. "ನಿನಗ್ಯಾಕಪ್ಪ ಈ ಉಸಾಬರಿ" ಅಂತ ಕೇಳುವವರಿಗೆ ಮುಂದೆ ಉತ್ತರ ಇದೆ.

ಮೊದಲು ನನ್ನ ರೂಮ್‌ಮೇಟ್ ಬಗ್ಗೆ ಹೇಳಿಬಿಡ್ತೀನಿ. ಪುತ್ತೂರಿನ ಹುಡುಗ, ಮಂಗಳೂರಿನಲ್ಲಿ ಎಂಬಿಬಿಎಸ್ ಮುಗಿಸಿ ಇಲ್ಲಿ ಸಿಯಾಟಲ್ ಸೀಮೆಯಲ್ಲಿ ಸರ್ಜರಿ ರೆಸಿಡೆಂಟ್ ಆಗಿದ್ದಾನೆ. ಅವನು ಬಂದ ಹೊಸದರಲ್ಲಿ ನಮ್ಮ ಅಡುಗೆಮನೆಯ ಡ್ರಾಯರಿನ ಹಿಡಿಗೆ ನೀಲಿ ದಾರದ ಗಂಟುಗಳು ಗೊಂಚಲು ಗೊಂಚಲಾಗಿ ನೇತಾಡೋಕೆ ಶುರುವಾದವು. ಯಾವುದೋ ಹರಕೆ ಇರಬೇಕು ಅಂದುಕೊಂಡು ನಾನು ಎರಡು ವಾರ ಮುಟ್ಟಲಿಲ್ಲ :-) ಆಮೇಲೆ ನೋಡಿದರೆ ಆಸಾಮಿ ಫೋನಿನಲ್ಲಿ ಅಮ್ಮನ ಹತ್ತಿರ ಮಾತಾಡುತ್ತಾ ಒಂದೇ ಕೈಯಲ್ಲಿ ಗಂಟು ಕಟ್ಟುತ್ತಿರ್ತಾನೆ. ಎಡಗೈಯಲ್ಲಿ ನೂರು, ಬಲಗೈಯಲ್ಲಿ ನೂರು. ತಿಂದ ಬಾಳೆಹಣ್ಣಿನ ಸಿಪ್ಪೆಗೆ ಹೊಲಿಗೆ ಹಾಕಿ ಇಡ್ತಾನೆ. ಅಂಗಡಿಯಿಂದ ತಂದ ಕೋಳಿಯ ತೊಡೆ ಸಾರಿಗೆ ಹೋಗುವ ಮೊದಲು ಅವನ ಹತ್ತಿರ ನಾಲ್ಕು ಹೊಲಿಗೆ ಹಾಕಿಸಿಕೊಂಡೇ ಹೋಗಬೇಕು. (ನಾನು ಸಸ್ಯಾಹಾರಿ, ಬದುಕಿದೆ.)

ಇದೆಲ್ಲಕ್ಕಿಂತ ಮುಖ್ಯವಾದದ್ದು ಅವನ ಡಬ್ಬಿ. ಚಪ್ಪಲಿ ಡಬ್ಬಿಗಿಂತ ಸ್ವಲ್ಪ ದೊಡ್ಡದು. ಮೇಲೆ ಎರಡು ತೂತು, ಒಳಗೊಂದು ಕ್ಯಾಮೆರಾ, ಎದುರಿಗೆ ಪರದೆ. ತೂತಿನೊಳಗೆ ಉದ್ದನೆಯ ಎರಡು ಇಕ್ಕಳ ತೂರಿಸಿಕೊಂಡು, ಪರದೆ ನೋಡುತ್ತಾ ಕೆಲಸ ಮಾಡಬೇಕು. ಲ್ಯಾಪರೋಸ್ಕೋಪಿಯಲ್ಲಿ ಆಗುವುದೂ ಇದೇ ತಾನೆ, ಡಬ್ಬಿಯ ಜಾಗದಲ್ಲಿ ಮನುಷ್ಯನ ಹೊಟ್ಟೆ ಇರುತ್ತೆ ಅಷ್ಟೆ. ಇಲ್ಲಿ ಇದಕ್ಕೊಂದು ಪರೀಕ್ಷೆಯೇ ಇದೆ, ಐದು ಪಾಠದ್ದು: ಪುಟ್ಟ ಗೂಟಗಳ ಮೇಲಿನ ಆರು ಉಂಗುರ ಎತ್ತಿ ಇಕ್ಕಳದಿಂದ ಇಕ್ಕಳಕ್ಕೆ ಗಾಳಿಯಲ್ಲೇ ದಾಟಿಸುವುದು, ಗಾಜ್ ಬಟ್ಟೆಯ ಮೇಲೆ ಬರೆದ ವೃತ್ತವನ್ನು ಗೆರೆ ತಪ್ಪದೆ ಕತ್ತರಿಸುವುದು, ಕುಣಿಕೆ ಹಾಕಿ ಬಿಗಿಯುವುದು, ಹೊಲಿಗೆ ಹಾಕಿ ಗಂಟನ್ನು ಹೊರಗೆ ಕಟ್ಟಿ ಒಳಕ್ಕೆ ತಳ್ಳುವುದು, ಕೊನೆಗೆ ಗಂಟನ್ನು ಒಳಗೇ ಕಟ್ಟುವುದು. ೨೦೦೯-೧೦ರಲ್ಲಿ ತರಬೇತಿ ಮುಗಿಸಿದವರಿಂದ ಶುರುವಾಗಿ, ಈ ಪರೀಕ್ಷೆ ಪಾಸಾಗದವರಿಗೆ ಅಮೆರಿಕದಲ್ಲಿ ಜನರಲ್ ಸರ್ಜರಿ ಬೋರ್ಡಿನ ಸರ್ಟಿಫಿಕೇಟ್ ಇಲ್ಲ.

ಉಂಗುರ ದಾಟಿಸುವ ಆಟವನ್ನು ೪೮ ಸೆಕೆಂಡಿನಲ್ಲಿ ಮುಗಿಸಬೇಕು ಅನ್ನುವುದು ಪಳಗಿದ ಕೈಯ ಗುರಿ. ನಾನೂ ಒಂದು ಭಾನುವಾರ ಕೂತೆ. ನಾಲ್ಕು ನಿಮಿಷ ದಾಟಿತು, ಎರಡು ಉಂಗುರ ಕಾಣದ ಮೂಲೆಗೆ ಬಿದ್ದವು, ಬೆನ್ನು ಬೆವರಿತು. ಯಾಕೆ ಕಷ್ಟ ಅಂದ್ರೆ, ಆ ತೂತು ಏತದ ಕಂಬದ ಹಾಗೆ. ಕೈ ಬಲಕ್ಕೆ ಹೋದರೆ ಒಳಗಿನ ತುದಿ ಎಡಕ್ಕೆ ಹೋಗುತ್ತೆ, ಕೈ ಮೇಲೆತ್ತಿದರೆ ತುದಿ ಕೆಳಗೆ. ಪರದೆ ಚಪ್ಪಟೆ, ಆಳ ತಿಳಿಯುವುದಿಲ್ಲ. ಬೆರಳಿನ ಸಣ್ಣ ನಡುಕ ಉದ್ದನೆಯ ಕೋಲಿನ ತುದಿಯಲ್ಲಿ ದೊಡ್ಡದಾಗಿ ಕಾಣುತ್ತೆ. ಮಿದುಳಿಗೆ ಹೊಸ ಲೆಕ್ಕ ಕಲಿಸಬೇಕು, ಅದು ಸಾವಿರ ಸಲ ಮಾಡದೆ ಬರುವುದಿಲ್ಲ. ಆರ್‌ಸಿಬಿ ಮ್ಯಾಚ್ ನೋಡುತ್ತಾ ಅವನು ಅದನ್ನು ಮಾಡ್ತಿರ್ತಾನೆ. "ಇಲ್ಲಿ ಬೀಳಿಸಿದ್ರೆ ಎಂತ ಉಂಟು ಮಾರಾಯಾ, ಉಂಗುರ. ಅಲ್ಲಿ ಬೀಳಿಸಿದ್ರೆ?" ಅಂದ. ನನಗೆ ಈ ವಿಷಯ ತಲೆಗೆ ಹತ್ತಿದ್ದು ಅವತ್ತಿನಿಂದ.

"ಹಾಡ್ತಾ ಹಾಡ್ತಾ ರಾಗ, ನರಳ್ತಾ ನರಳ್ತಾ ರೋಗ" ಅಂತ ನಮ್ಮ ಗಾದೆ. ಸರ್ಜರಿಯಲ್ಲಿ ಮಾತ್ರ ಹಾಡುವವರು ಒಬ್ಬರು, ನರಳುವವರು ಇನ್ನೊಬ್ಬರು! ಇದು ಎಲ್ಲರಿಗೂ ಗೊತ್ತಿದ್ದ ವಿಷಯವೇ. ನೂರು ಜನರನ್ನು ಕೊಂದವನು ವೈದ್ಯ, ಸಾವಿರ ಜನರನ್ನು ಕೊಂದವನು ಚಿಕಿತ್ಸಕ ಅಂತ ಸಂಸ್ಕೃತದಲ್ಲೊಂದು ಕುಹಕದ ಮಾತಿದೆ. ಅಮೆರಿಕದಲ್ಲಿ ಬಾಲ್ಟಿಮೋರಿನ ಜಾನ್ಸ್ ಹಾಪ್ಕಿನ್ಸ್ ಆಸ್ಪತ್ರೆಯ ಹಾಲ್‌ಸ್ಟೆಡ್ ಹೆಸರಿಗೆ ಅಂಟಿಕೊಂಡಿರುವ ಸೂತ್ರ "ಒಂದು ನೋಡು, ಒಂದು ಮಾಡು, ಒಂದು ಕಲಿಸು". ಒಂದು ಶತಮಾನ ಹೀಗೇ ನಡೆಯಿತು. ರೆಸಿಡೆಂಟುಗಳು ಆಸ್ಪತ್ರೆಯಲ್ಲೇ ಮನೆ ಮಾಡಿಕೊಂಡಿದ್ದಾಗ ನೋಡುವುದಕ್ಕೆ ಮಾಡುವುದಕ್ಕೆ ಸಮಯ ಸಿಗುತ್ತಿತ್ತೇನೋ. ೨೦೦೩ರಲ್ಲಿ ಇಲ್ಲಿ ವಾರಕ್ಕೆ ೮೦ ಗಂಟೆಯ ಮಿತಿ ಬಂತು. (ಎಂಬತ್ತು ಗಂಟೆ ಅನ್ನೋದನ್ನ ಇವರು ಕಡಿಮೆ ಅಂತಾರೆ. ನಮ್ಮ ಆಫೀಸಿನಲ್ಲಿ ಯಾರಾದರೂ ಅಷ್ಟು ಕೂತರೆ ಎಚ್‌ಆರ್‌ನವರು ಕೌನ್ಸೆಲಿಂಗಿಗೆ ಕಳಿಸ್ತಾರೆ.) ಅದರ ಜೊತೆಗೇ ತೆರೆದ ಹೊಟ್ಟೆಯ ಆಪರೇಶನ್‌ಗಳು ಕಡಿಮೆಯಾಗಿ ತೂತಿನ ಆಪರೇಶನ್‌ಗಳು ಹೆಚ್ಚಾದವು. ಗುರುವಿನ ಕೈ ಪಕ್ಕದಲ್ಲಿ ಕೈ ಇಟ್ಟು ಕಲಿಯುವ ಹಳೇ ಪದ್ಧತಿ ಅಲ್ಲಿ ಅಷ್ಟು ಸುಲಭಕ್ಕೆ ಆಗುವುದಿಲ್ಲ.

ಈಗ ಒಂದು ಲೆಕ್ಕ. ಪಿತ್ತಕೋಶವನ್ನು ತೂತಿನ ಮೂಲಕ ತೆಗೆಯುವ ಆಪರೇಶನ್ ೧೯೮೦ರ ದಶಕದ ಕೊನೆಗೆ ಬಂದು, ನಾಲ್ಕೈದು ವರ್ಷದಲ್ಲಿ ಪ್ರಪಂಚವೆಲ್ಲ ಹರಡಿತು. ಎಷ್ಟೋ ಸರ್ಜನ್‌ಗಳು ಶನಿವಾರ ಭಾನುವಾರದ ಕೋರ್ಸಿಗೆ ಹೋಗಿ, ಹಂದಿಯ ಮೇಲೆ ಒಂದೆರಡು ಮಾಡಿ, ಸೋಮವಾರ ಊರಿಗೆ ಬಂದು ಶುರು ಹಚ್ಚಿಕೊಂಡರು. ಅಮೆರಿಕದ ದಕ್ಷಿಣ ರಾಜ್ಯಗಳ ಸರ್ಜನ್‌ಗಳ ಬಳಗವೊಂದು ೧೯೯೫ರಲ್ಲಿ ತಮ್ಮದೇ ಕೆಲಸದ ಲೆಕ್ಕ ಬಹಿರಂಗ ಮಾಡಿತು. ೫೫ ಸರ್ಜನ್‌ಗಳು, ೮,೮೩೯ ಆಪರೇಶನ್. ಪಿತ್ತನಾಳಕ್ಕೆ ಪೆಟ್ಟು ಬಿದ್ದ ಪ್ರಕರಣಗಳಲ್ಲಿ ಶೇಕಡಾ ೯೦ರಷ್ಟು ಆಯಾ ಸರ್ಜನ್ನಿನ ಮೊದಲ ೩೦ ಕೇಸುಗಳ ಒಳಗೇ ಆಗಿದ್ದವು. ಮೊದಲನೇ ಕೇಸಿನಲ್ಲಿ ಅಪಾಯ ಶೇಕಡಾ ೧.೭, ಐವತ್ತನೆಯದರಲ್ಲಿ ಶೇಕಡಾ ೦.೧೭ ಅಂತ ಅವರ ಅಂದಾಜು. ಸರಿಯಾಗಿ ಹತ್ತು ಪಟ್ಟು. ಸರ್ಜನ್ನಿಗೆ ಐವತ್ತನೇ ಕೇಸು ತಲುಪುವುದು ಸಾಧನೆ, ಒಪ್ಪಿದೆ. ಆ ಮೊದಲನೇ ಕೇಸು ಯಾರು ಹಾಗಾದರೆ?

ನಮ್ಮ ದೊಡ್ಡಮ್ಮ ಎಷ್ಟನೇ ಕೇಸೋ ನನಗೆ ಗೊತ್ತಿಲ್ಲ. ನಾನು ಇಂಜಿನಿಯರಿಂಗ್ ಎರಡನೇ ವರ್ಷದಲ್ಲಿದ್ದಾಗ ನಮ್ಮ ಕಡೆಯ ಒಂದು ಜಿಲ್ಲಾ ಕೇಂದ್ರದ ಆಸ್ಪತ್ರೆಯಲ್ಲಿ ಅವರ ಪಿತ್ತಕೋಶ ತೆಗೆದರು. "ಮೂರು ದಿನದಲ್ಲಿ ಮನೆ" ಅಂದಿದ್ದರು. ನಾಲ್ಕನೇ ದಿನ ಕಣ್ಣು ಹಳದಿಯಾಯಿತು. ಪಿತ್ತಕೋಶಕ್ಕೆ ಹೋಗುವ ಸಣ್ಣ ನಾಳ ಅಂದುಕೊಂಡು ಲಿವರಿನಿಂದ ಬರುವ ಮುಖ್ಯ ನಾಳಕ್ಕೇ ಕ್ಲಿಪ್ ಹಾಕಿ ಕತ್ತರಿಸಿದ್ದರು ಅಂತ ಆಮೇಲೆ ಬೆಂಗಳೂರಿನಲ್ಲಿ ಗೊತ್ತಾಯಿತು. ಎರಡನೇ ಸಲ ಹೊಟ್ಟೆ ತೆರೆದು ಕರುಳಿಗೆ ಜೋಡಿಸಿದರು. ಐದು ತಿಂಗಳು ಪಕ್ಕೆಯಲ್ಲಿ ನಳಿಕೆ, ಕೈಯಲ್ಲಿ ಚೀಲ. ಎರಡು ಎಕರೆ ಅಡಿಕೆ ತೋಟ ಹೋಯಿತು. ದೊಡ್ಡಮ್ಮ ಬದುಕಿದ್ದಾರೆ, ಆದರೆ ಚಳಿಜ್ವರ ಬಂದಾಗಲೆಲ್ಲ ಮನೆಯವರ ಮುಖ ನೋಡಬೇಕು. ಮೊದಲ ಆಸ್ಪತ್ರೆಯವರನ್ನು ಯಾರೂ ಏನೂ ಕೇಳಲಿಲ್ಲ. ದೊಡ್ಡಪ್ಪ ಹೇಳಿದ್ದು ಇಷ್ಟೇ: "ಆ ಡಾಕ್ಟ್ರ ಕೈಗುಣ ನಮಗೆ ಆಗಿಬರಲಿಲ್ಲ." ಆ ಒಂದು ಪದದಲ್ಲಿ ಎಲ್ಲ ಪ್ರಶ್ನೆಗಳೂ ಮುಚ್ಚಿಹೋದವು. ನನಗೆ ಆ ಪದದ ಮೇಲೆ ಸಿಟ್ಟು ಬಂದಿದ್ದು ಆಗ.

ಆ ಡಾಕ್ಟರು ಹೊಸಬರೋ ಹಳಬರೋ ನನಗೆ ಗೊತ್ತಿಲ್ಲ, ಹಾಗಾಗಿ ಅವರ ಮೇಲೆ ತೀರ್ಪು ಕೊಡಲಾರೆ. ಇನ್ನೊಂದು ವಿಷಯವೂ ನನ್ನ ವಾದಕ್ಕೆ ಅಡ್ಡ ಬರುತ್ತೆ. ೨೦೦೩ರಲ್ಲಿ ಸ್ಯಾನ್‌ಫ್ರಾನ್ಸಿಸ್ಕೋದ ವೈದ್ಯರು ಇಂಥದ್ದೇ ೨೫೨ ಪಿತ್ತನಾಳದ ಪೆಟ್ಟುಗಳನ್ನು ಬಿಡಿಸಿ ನೋಡಿದಾಗ, ಶೇಕಡಾ ೯೭ರಲ್ಲಿ ಮೂಲಕಾರಣ ಕಣ್ಣಿನ ಭ್ರಮೆ ಅಂತ ಸಿಕ್ಕಿತು. ಕೈ ಚಳಕದ ಕೊರತೆ ಕಾಣಿಸಿದ್ದು ಬರೀ ಶೇಕಡಾ ೩ರಲ್ಲಿ. ಅಂದ್ರೆ ಕೈ ಸರಿಯಾಗಿಯೇ ಕೆಲಸ ಮಾಡಿತ್ತು, ತಪ್ಪು ನಾಳದ ಮೇಲೆ! ಹಾಗಾದರೆ ಡಬ್ಬಿಯಲ್ಲಿ ಉಂಗುರ ದಾಟಿಸಿ ಏನು ಪ್ರಯೋಜನ ಅಂತ ನೀವು ಕೇಳಬಹುದು. ನಾನೂ ರೂಮ್‌ಮೇಟನ್ನು ಕೇಳಿದೆ. ಅವನ ಉತ್ತರ ನನಗೆ ಸರಿ ಕಂಡಿತು. ಕಾರು ಹೊಸದಾಗಿ ಕಲಿಯುವವನ ಗಮನವೆಲ್ಲ ಕ್ಲಚ್ಚು ಗೇರಿನ ಮೇಲೆ, ರಸ್ತೆ ಕಾಣೋದೇ ಇಲ್ಲ. ಕೈ ತನ್ನಷ್ಟಕ್ಕೆ ಕೆಲಸ ಮಾಡಿದರೆ ಮಾತ್ರ ಕಣ್ಣಿಗೆ, ತಲೆಗೆ ಬಿಡುವು. ಜೊತೆಗೆ ಕಣ್ಣಿಗೂ ಬೇರೆ ಅಭ್ಯಾಸ ಬೇಕು. ನೂರಾರು ಆಪರೇಶನ್ನಿನ ವಿಡಿಯೋ ನೋಡುವುದು, "ಇಲ್ಲಿ ನಿಲ್ಲಿಸು, ಇದು ಯಾವ ನಾಳ?" ಅಂತ ಹಿರಿಯರು ಕೇಳುವುದು, ಕತ್ತರಿಸುವ ಮೊದಲು ಪಿತ್ತಕೋಶಕ್ಕೆ ಎರಡೇ ಎರಡು ರಚನೆಗಳು ಹೋಗುತ್ತಿವೆ ಅಂತ ಸ್ಪಷ್ಟವಾಗಿ ಕಾಣುವ ತನಕ ಕೈ ಕಟ್ಟಿಕೊಂಡಿರುವುದು. ಆ ನಿಯಮವನ್ನು ಸ್ಟ್ರಾಸ್‌ಬರ್ಗ್ ಎಂಬ ಸರ್ಜನ್ ೧೯೯೫ರಲ್ಲೇ ಬರೆದಿಟ್ಟರು. ಇದನ್ನೂ ಸೋಫಾ ಮೇಲೆ ಕೂತು ಕಲಿಯಬಹುದು, ಥಿಯೇಟರೇ ಬೇಕಾಗಿಲ್ಲ.

ಥಿಯೇಟರಿನ ಹೊರಗೆ ಕಲಿತದ್ದು ಒಳಗೆ ಬರುತ್ತಾ ಅಂತ ಅನುಮಾನ ಇದ್ದವರಿಗೆ ೨೦೦೨ರಲ್ಲಿ ಯೇಲ್ ವಿಶ್ವವಿದ್ಯಾಲಯದ ಪ್ರಯೋಗ. ೧೬ ರೆಸಿಡೆಂಟುಗಳು, ಅರ್ಧ ಜನಕ್ಕೆ ಕಂಪ್ಯೂಟರ್ ಸಿಮ್ಯುಲೇಟರ್ ಮೇಲೆ ತರಬೇತಿ, ಅರ್ಧ ಜನಕ್ಕೆ ಇಲ್ಲ. ಆಮೇಲೆ ನಿಜವಾದ ಪಿತ್ತಕೋಶದ ಆಪರೇಶನ್. ಯಾರು ಯಾವ ಗುಂಪು ಅಂತ ತಿಳಿಯದವರು ವಿಡಿಯೋ ನೋಡಿ ಅಂಕ ಕೊಟ್ಟರು. ತರಬೇತಿ ಆದವರು ಶೇಕಡಾ ೨೯ ಬೇಗ ಮುಗಿಸಿದರು. ಆಗದವರು ಪಿತ್ತಕೋಶಕ್ಕೆ ಗಾಯ ಮಾಡುವ ಅಥವಾ ಬೇರೆ ಕಡೆ ಸುಡುವ ಸಂಭವ ಐದು ಪಟ್ಟು ಹೆಚ್ಚಿತ್ತು. ಕೈಗುಣವನ್ನು ನೇರವಾಗಿ ಅಳೆದದ್ದು ೨೦೧೩ರಲ್ಲಿ, ಮಿಶಿಗನ್ ರಾಜ್ಯದಲ್ಲಿ. ಬೊಜ್ಜಿನ ಆಪರೇಶನ್ ಮಾಡುವ ೨೦ ಸರ್ಜನ್‌ಗಳು ತಲಾ ಒಂದು ವಿಡಿಯೋ ಕೊಟ್ಟರು, ಹೆಸರು ಅಳಿಸಿ ಬೇರೆ ಸರ್ಜನ್‌ಗಳ ಹತ್ತಿರ ಅಂಕ ಹಾಕಿಸಿದರು. ಅತಿ ಕಡಿಮೆ ಅಂಕ ಬಂದ ಕಾಲುಭಾಗದವರ ರೋಗಿಗಳಲ್ಲಿ ತೊಡಕು ಶೇಕಡಾ ೧೪.೫, ಅತಿ ಹೆಚ್ಚು ಅಂಕದ ಕಾಲುಭಾಗದವರಲ್ಲಿ ಶೇಕಡಾ ೫.೨. ಸಾವು ಶೇಕಡಾ ೦.೨೬ ಎದುರಿಗೆ ೦.೦೫. ದೊಡ್ಡಪ್ಪನ ಕೈಗುಣ ನಿಜವಾಗಿಯೂ ಇದೆ ಅಂತಾಯಿತಲ್ಲ! ಒಂದು ವಿಡಿಯೋದಲ್ಲಿ ಕಾಣುವಷ್ಟು ಇದೆ.

ನಾನಿರುವ ಊರಿಗೂ ಈ ಕತೆಯಲ್ಲಿ ಒಂದು ಪಾತ್ರ ಇದೆ. ಇಲ್ಲಿಯ ಯುನಿವರ್ಸಿಟಿ ಆಫ್ ವಾಷಿಂಗ್ಟನ್‌ನಲ್ಲಿ 'ವಿಶ್' ಅಂತ ಒಂದು ಸಂಸ್ಥೆ, ಬರೀ ಸಿಮ್ಯುಲೇಶನ್ ತರಬೇತಿಗೇ. ಅಲ್ಲಿಯವರೇ ಕಟ್ಟಿದ 'ರೇವನ್' ಅನ್ನುವ ಸರ್ಜರಿ ರೋಬೋಟನ್ನು ೨೦೦೭ರಲ್ಲಿ ಫ್ಲೋರಿಡಾ ಕಡಲಿನ ಅಡಿಯ ನಾಸಾ ಪ್ರಯೋಗದಲ್ಲಿ ಇಟ್ಟು, ಸಿಯಾಟಲ್‌ನಲ್ಲಿ ಕೂತು ಆಡಿಸಿದ್ದರು. ನನಗೆ ಅದಕ್ಕಿಂತ ಇಷ್ಟವಾದದ್ದು ಒಂದು ಸಣ್ಣ ಪ್ರಯೋಗ, ೨೦೧೩ರದ್ದು. ಟ್ಯಾಕೋಮಾ ಹತ್ತಿರದ ಮ್ಯಾಡಿಗನ್ ಸೇನಾ ಆಸ್ಪತ್ರೆಯವರೂ ಸೇರಿ ೫೧ ಜನರನ್ನು ತಗೊಂಡರು. ಅರ್ಧ ಜನ ರೋಬೋಟ್ ಕೆಲಸಕ್ಕೆ ಕೂರುವ ಮುಂಚೆ ಮೂರರಿಂದ ಐದು ನಿಮಿಷ ಸಿಮ್ಯುಲೇಟರಿನಲ್ಲಿ ಕೈ ಬಿಸಿ ಮಾಡಿಕೊಂಡರು, ಉಳಿದವರು ಸುಮ್ಮನೆ ಪುಸ್ತಕ ಓದಿದರು. ಕೈ ಬಿಸಿ ಮಾಡಿಕೊಂಡವರು ಬೇಗ ಮುಗಿಸಿದರು. ಮೃದಂಗದವರು ಕಛೇರಿಗೆ ಮುಂಚೆ ಒಳಗೆ ಕೂತು ನುಡಿಸಿಕೊಳ್ಳುವುದಿಲ್ಲವೇ? ಫಾಸ್ಟ್ ಬೌಲರ್ ನೇರ ಬಂದು ಮೊದಲ ಓವರ್ ಹಾಕ್ತಾನೆಯೇ? ಬೆಳಿಗ್ಗೆ ಟ್ರಾಫಿಕ್ಕಿನಲ್ಲಿ ಒದ್ದಾಡಿ ಬಂದ ಸರ್ಜನ್ ಮಾತ್ರ ಕೈ ತೊಳೆದು ಸೀದಾ ಒಳಗೆ!

ಅದೇ ವಿಶ್ವವಿದ್ಯಾಲಯದವರು ೨೦೧೪ರಲ್ಲಿ ಪ್ರಕಟಿಸಿದ್ದು ಇನ್ನೂ ತಮಾಷೆಯದು. ಹೊಲಿಗೆ ಹಾಕುವ ವಿಡಿಯೋವನ್ನು ಪರಿಣತ ಸರ್ಜನ್‌ಗಳಿಗೂ ಕಳಿಸಿದರು, ಅಮೆಜಾನ್‌ನವರು ೨೦೦೫ರಲ್ಲಿ ಶುರುಮಾಡಿದ 'ಮೆಕ್ಯಾನಿಕಲ್ ಟರ್ಕ್' ಎಂಬ ಆನ್‌ಲೈನ್ ಕೂಲಿ ಸಂತೆಗೂ ಹಾಕಿದರು. ಮೆಡಿಕಲ್ ಗಂಧಗಾಳಿ ಇಲ್ಲದ ಸುಮಾರು ೫೦೦ ಜನ ಒಂದೇ ದಿನದಲ್ಲಿ ಅಂಕ ಕೊಟ್ಟರು. ಹತ್ತು ಸರ್ಜನ್‌ಗಳಿಂದ ಉತ್ತರ ಬರೋದಕ್ಕೆ ಮೂರು ವಾರ ದಾಟಿತು. ಎರಡೂ ಕಡೆಯ ಸರಾಸರಿ ಅಂಕ ಹೆಚ್ಚುಕಡಿಮೆ ಒಂದೇ! ಒರಟು ಕೈ ಯಾವುದು, ನಯವಾದ ಕೈ ಯಾವುದು ಅಂತ ಹೇಳೋದಕ್ಕೆ ಡಾಕ್ಟರಿಕೆ ಓದಬೇಕಾಗಿಲ್ಲ. ನಮ್ಮಜ್ಜಿ ಹೋಳಿಗೆ ಲಟ್ಟಿಸುವವಳನ್ನು ಒಂದು ಕ್ಷಣ ನೋಡಿ ಹೇಳುತ್ತಿದ್ದರು. ಆದರೆ ಅವತ್ತು ಆಪರೇಶನ್ ಮಾಡಬೇಕಿತ್ತೋ ಬೇಡವೋ ಅಂತ ಆ ೫೦೦ ಜನ ಹೇಳಲಾರರು, ಅದನ್ನು ಅವರನ್ನು ಕೇಳಲೂಬಾರದು. ಈ ವಿದ್ಯೆಯಿಂದ ಹುಟ್ಟಿದ 'ಸಿ-ಸ್ಯಾಟ್ಸ್' ಎಂಬ ಕಂಪನಿಯನ್ನು ೨೦೧೮ರಲ್ಲಿ ಜಾನ್ಸನ್ ಅಂಡ್ ಜಾನ್ಸನ್ ಕೊಂಡಿತು. ಕತ್ತರಿ, ಸ್ಟೇಪ್ಲರ್, ಹೊಲಿಗೆ ದಾರ ಮಾರುವವರ ಕೈಯಲ್ಲೇ ಸರ್ಜನ್ನಿನ ಮಾರ್ಕ್ಸ್ ಕಾರ್ಡ್ ಇರುವುದು ನನಗೆ ಅಷ್ಟು ಹಿಡಿಸಲಿಲ್ಲ. ಅದು ಇರಬೇಕಾದದ್ದು ಕಾಲೇಜಿನಲ್ಲಿ, ಇಲ್ಲವೇ ಪರೀಕ್ಷೆ ನಡೆಸುವ ಮಂಡಳಿಯಲ್ಲಿ.

ಈ ಊರಿನಲ್ಲಿದ್ದುಕೊಂಡು ಬೋಯಿಂಗ್ ಹೆಸರು ಹೇಳದಿದ್ದರೆ ಆಗುತ್ತಾ? ಸರ್ಜರಿ ತರಬೇತಿಯ ಬಗ್ಗೆ ಯಾರು ಮಾತೆತ್ತಿದರೂ "ಪೈಲಟ್‌ಗಳನ್ನು ನೋಡಿ, ಸಿಮ್ಯುಲೇಟರಿನಲ್ಲಿ ಕಲಿಯದೆ ವಿಮಾನ ಮುಟ್ಟೋದಿಲ್ಲ" ಅಂತಾರೆ. ನಿಜ. ಆದರೆ ಇಲ್ಲೇ ರೆಂಟನ್‌ನಲ್ಲಿ ಜೋಡಿಸುವ ೭೩೭ ಮ್ಯಾಕ್ಸ್ ವಿಮಾನವನ್ನು, ಹಳೇ ೭೩೭ ಓಡಿಸುವವರಿಗೆ ಹೊಸದಾಗಿ ಸಿಮ್ಯುಲೇಟರ್ ತರಬೇತಿ ಬೇಕಾಗಿಲ್ಲ ಅಂತ ಹೇಳಿಯೇ ಮಾರಿದ್ದು. ೨೦೧೮ರ ಅಕ್ಟೋಬರ್, ೨೦೧೯ರ ಮಾರ್ಚ್, ಎರಡು ವಿಮಾನ, ೩೪೬ ಜೀವ. ಸಿಮ್ಯುಲೇಟರ್ ತರಬೇತಿ ಇರಲಿ ಅಂತ ಕಂಪನಿಯೇ ಶಿಫಾರಸು ಮಾಡಿದ್ದು ೨೦೨೦ರ ಜನವರಿಯಲ್ಲಿ. ಅಭ್ಯಾಸಕ್ಕೆ ದುಡ್ಡು, ಸಮಯ ಎರಡೂ ಬೇಕು. ಉಳಿತಾಯ ಮಾಡೋಣ ಅಂತ ಹೊರಟಾಗ ಮೊದಲು ಕತ್ತರಿ ಬೀಳೋದು ಅದಕ್ಕೇ.

"ಇದೆಲ್ಲ ನಮ್ಮ ಸುಶ್ರುತ ಆಗಲೇ ಹೇಳಿದ್ದ" ಅನ್ನುವ ಮಾತು ಈಗ ಬರಲೇಬೇಕು, ಬಂತು. ಹೇಳಿದ್ದು ನಿಜ, ಅದೂ ತುಂಬ ವಿವರವಾಗಿ. ಸುಶ್ರುತಸಂಹಿತೆಯ ಸೂತ್ರಸ್ಥಾನದ ಒಂಬತ್ತನೇ ಅಧ್ಯಾಯ ಇರೋದೇ ಇದಕ್ಕೆ. ಅಭ್ಯಾಸಕ್ಕೆ ಅಲ್ಲಿರುವ ಹೆಸರು 'ಯೋಗ್ಯಾ'. ಕತ್ತರಿಸುವುದನ್ನು ಬೂದುಗುಂಬಳ, ಸೋರೆ, ಕಲ್ಲಂಗಡಿ, ಸೌತೆಯ ಮೇಲೆ ಕಲಿಸಬೇಕು. ಸೀಳುವುದನ್ನು ನೀರು ಕೆಸರು ತುಂಬಿದ ಚರ್ಮದ ಚೀಲದ ಮೇಲೆ, ಕೆರೆಯುವುದನ್ನು ಕೂದಲಿರುವ ತೊಗಲಿನ ಮೇಲೆ, ರಕ್ತನಾಳ ಚುಚ್ಚುವುದನ್ನು ಸತ್ತ ಪ್ರಾಣಿಯ ನಾಳ ಮತ್ತು ನೈದಿಲೆಯ ದಂಟಿನ ಮೇಲೆ. ಹುಳ ತಿಂದ ಮರದ ತೂತಿನಲ್ಲಿ ಸಲಾಕೆ ಆಡಿಸಿ ಹುಡುಕುವುದನ್ನು ಕಲಿಯಬೇಕು, ಹಲಸಿನ ತಿರುಳಿನಿಂದ ಕಿತ್ತು ತೆಗೆಯುವುದನ್ನು. ಹೊಲಿಗೆಗೆ ದಪ್ಪ ಬಟ್ಟೆ, ತೆಳು ಬಟ್ಟೆ, ಮೆತ್ತನೆ ಚರ್ಮ. ಪಟ್ಟಿ ಕಟ್ಟೋದಕ್ಕೆ ಮನುಷ್ಯಾಕಾರದ ಗೊಂಬೆ! ಶಾಸ್ತ್ರವನ್ನೆಲ್ಲ ಓದಿದವನೂ ಈ ಅಭ್ಯಾಸ ಮಾಡದಿದ್ದರೆ ಕೆಲಸಕ್ಕೆ ಯೋಗ್ಯನಲ್ಲ ಅಂತ ಅಧ್ಯಾಯದ ಶುರುವಿನಲ್ಲೇ ಇದೆ.

ಎದೆ ತಟ್ಟಿಕೊಳ್ಳುವ ಮೊದಲು ಒಂದು ಕ್ಷಣ ನಿಲ್ಲಿ. ಆಯುಧಪೂಜೆ ದಿನ ನಮ್ಮ ಆಸ್ಪತ್ರೆಗಳಲ್ಲಿ ಥಿಯೇಟರ್ ತೊಳೆದು, ಕತ್ತರಿ ಇಕ್ಕಳಗಳಿಗೆ ಅರಿಶಿನ ಕುಂಕುಮ ಹಚ್ಚಿ, ಬಾಗಿಲಲ್ಲಿ ಬೂದುಗುಂಬಳ ಒಡೀತೀವಿ. ಸುಶ್ರುತನ ಕುಂಬಳಕಾಯಿ ಉಳಿದಿರೋದು ಅಷ್ಟರ ಮಟ್ಟಿಗೆ. ಒಡೆಯೋದಕ್ಕೆ ಮುಂಚೆ ಪೀಜಿ ಹುಡುಗರ ಕೈಯಲ್ಲಿ ಅದಕ್ಕೊಂದು ಗಾಯ ಹಾಕಿಸಿ, ಹೊಲಿಸಿ, ಆಮೇಲೆ ಒಡೆಯಿರಿ ಸ್ವಾಮಿ, ಪೂಜೆಗೇನೂ ಭಂಗ ಬರೋದಿಲ್ಲ :-)

ಕರ್ನಾಟಕದಲ್ಲಿ ಏನೂ ಇಲ್ಲ ಅಂತ ನಾನು ಹೇಳ್ತಿಲ್ಲ. ಬೆಂಗಳೂರಿನಲ್ಲಿ ರಾಮಯ್ಯದವರ ತರಬೇತಿ ಕೇಂದ್ರದಲ್ಲಿ ದಾನ ಬಂದ ದೇಹಗಳ ಮೇಲೆ ಸರ್ಜನ್‌ಗಳಿಗೆ ಕಾರ್ಯಾಗಾರ ನಡೆಸ್ತಾರೆ. ೨೦೧೯ರಲ್ಲಿ ಎಂಬಿಬಿಎಸ್ ಪಠ್ಯಕ್ರಮ ಬದಲಾದ ಮೇಲೆ ಪ್ರತಿ ಕಾಲೇಜಿನಲ್ಲೂ ಕೌಶಲ ಪ್ರಯೋಗಾಲಯ ಇರಬೇಕು ಅಂತ ನಿಯಮ ಇದೆ. ದೇಹದಾನ ಅಂದಾಗ ನೆನಪಾಗೋದು ಬೈಲಹೊಂಗಲದ ಡಾಕ್ಟರ್ ರಾಮಣ್ಣವರ. ತನ್ನ ದೇಹವನ್ನು ವಿದ್ಯಾರ್ಥಿಗಳಿಗೆ ಕೊಡಬೇಕು, ಛೇದಿಸುವವನು ಮಗನೇ ಆಗಬೇಕು ಅಂತ ಬರೆದಿಟ್ಟು ಹೋದರು. ಮಗ ಮಹಾಂತೇಶ ರಾಮಣ್ಣವರ, ಬೆಳಗಾವಿಯ ಆಯುರ್ವೇದ ಕಾಲೇಜಿನ ಅಂಗರಚನಾಶಾಸ್ತ್ರದ ಮೇಷ್ಟ್ರು, ೨೦೧೦ರ ನವೆಂಬರಿನಲ್ಲಿ ವಿದ್ಯಾರ್ಥಿಗಳ ಎದುರು ಅದನ್ನು ಮಾಡಿದರು. ಕಲಿಯುವ ಹುಡುಗರ ಮೊದಲನೇ ಕೇಸು ತಾನಾಗ್ತೀನಿ ಅಂತ ಸತ್ತ ಮೇಲೆ ಮುಂದೆ ಬಂದ ಮನುಷ್ಯ. ಅದನ್ನು ಓದಿದಾಗ ನಾನು ತುಂಬ ಹೊತ್ತು ಸುಮ್ಮನೆ ಕೂತಿದ್ದೆ.

ಹಾಗಿದ್ದರೂ ಕಾಗದದ ಮೇಲಿನ ನಿಯಮಕ್ಕೂ ಹಾಸ್ಟೆಲ್ ಹುಡುಗರ ದಿನಚರಿಗೂ ದೂರ ಇದೆ. ರೂಮ್‌ಮೇಟಿನ ಜೂನಿಯರ್ ಒಬ್ಬಳು ಊರಿನಲ್ಲಿ ಎಂಎಸ್ ಸರ್ಜರಿ ಮಾಡ್ತಿದ್ದಾಳೆ. ಅವಳ ಕಾಲೇಜಿನಲ್ಲಿ ಸಿಮ್ಯುಲೇಟರ್ ಇದೆಯಂತೆ, ಪ್ಲಾಸ್ಟಿಕ್ ಕವರ್ ಕೂಡ ತೆಗೆದಿಲ್ಲ. ಇನ್‌ಸ್ಪೆಕ್ಷನ್ ದಿನ ಬಾಗಿಲು ತೆರೆದು, ಸಂಜೆ ಮತ್ತೆ ಬೀಗ. ಕೀಲಿ ಸಾಹೇಬರ ಹತ್ತಿರ, ಸಾಹೇಬರು ರೌಂಡ್ಸಿನಲ್ಲಿ. "ಅಣ್ಣಾ, ಕೇಳೋಕೆ ಹೋದ್ರೆ ವಾರ್ಡಿನಲ್ಲಿ ಕೆಲಸ ಇಲ್ವಾ ಅಂತಾರೆ" ಅಂದಳು ವಿಡಿಯೋ ಕಾಲಿನಲ್ಲಿ. ಹಿರಿಯರ ವಾದವೂ ನನಗೆ ಗೊತ್ತು: ನಮ್ಮಲ್ಲಿ ರೋಗಿಗಳ ಸಮುದ್ರವೇ ಇದೆ, ಅಮೆರಿಕದವರು ಕೇಸಿಲ್ಲದೆ ಡಬ್ಬಿ ಇಟ್ಟುಕೊಂಡಿದ್ದಾರೆ, ನಮ್ಮ ಹುಡುಗರ ಕೈ ಕೇಸುಗಳಲ್ಲೇ ಪಳಗುತ್ತೆ. ಪಳಗುತ್ತೆ, ಹೌದು. ಯಾವ ವಾರ್ಡಿನಲ್ಲಿ? ಸ್ಪೆಷಲ್ ವಾರ್ಡಿನ ರೋಗಿಗೆ ಪ್ರೊಫೆಸರೇ ಬರ್ತಾರೆ. ಮೊದಲನೇ ಕೇಸು, ಎರಡನೇ ಕೇಸು ಸಿಗೋದು ಜನರಲ್ ವಾರ್ಡಿನ ಕಬ್ಬಿಣದ ಮಂಚದಲ್ಲಿ, ಹೆಬ್ಬೆಟ್ಟು ಒತ್ತಿ ಒಪ್ಪಿಗೆ ಕೊಟ್ಟವರಲ್ಲಿ. ಅವರಿಂದ ಕಲಿಯಲೇಬೇಕು, ಬೇರೆ ದಾರಿ ಇಲ್ಲ, ಡಬ್ಬಿಯಲ್ಲಿ ರಕ್ತ ಬರುವುದಿಲ್ಲ. ಆದರೆ ಇಕ್ಕಳದ ತುದಿ ಯಾವ ಕಡೆ ಹೋಗುತ್ತೆ ಅನ್ನೋದನ್ನೂ ಅವರ ಹೊಟ್ಟೆಯಲ್ಲೇ ಕಲಿಯಬೇಕಾ? ನಮ್ಮ ಕೆಲಸದಲ್ಲಿ ಹೊಸ ಕೋಡನ್ನು ಸೀದಾ ಗಿರಾಕಿಯ ಮೇಲೆ ಬಿಟ್ಟರೆ ಮ್ಯಾನೇಜರ್ ಕೂಗಾಡ್ತಾನೆ, ಅದೂ ಹಿಂದಕ್ಕೆ ತಗೊಳ್ಳೋ ಅವಕಾಶ ಇರುವ ಕೆಲಸದಲ್ಲಿ.

ನಾನು ಕೇಳೋದು ಕೋಟಿ ರೂಪಾಯಿಯ ಮಿಷಿನ್ ಅಲ್ಲ. ಪ್ಲಾಸ್ಟಿಕ್ ಡಬ್ಬಿ, ಒಂದು ಎಲ್‌ಇಡಿ ಪಟ್ಟಿ, ಕ್ಯಾಮೆರಾಕ್ಕೆ ಹಳೇ ಮೊಬೈಲು, ಥಿಯೇಟರಿನಿಂದ ನಿವೃತ್ತಿ ಆದ ಎರಡು ಇಕ್ಕಳ. ಅಷ್ಟರಲ್ಲಿ ಐದಕ್ಕೆ ಐದೂ ಪಾಠ ಕಲಿಯಬಹುದು. ಎಂಎಸ್ ಸೇರಿದವರು ಮೊದಲ ಆರು ತಿಂಗಳಲ್ಲಿ ಆ ಐದು ಪಾಠ ಪಾಸಾಗಲಿ, ಆಗದೆ ಲ್ಯಾಪರೋಸ್ಕೋಪಿ ಇಕ್ಕಳ ಹಿಡಿಯುವಂತಿಲ್ಲ ಅಂತ ವಿಶ್ವವಿದ್ಯಾಲಯ ಒಂದು ಸಾಲು ಬರೆಯಲಿ. ವಾರದಲ್ಲಿ ಮೂರು ಗಂಟೆ ಅದಕ್ಕೆ ಅಂತ ಡ್ಯೂಟಿ ಪಟ್ಟಿಯಲ್ಲೇ ಬಿಡುವು ಕೊಡಲಿ. ನಿದ್ದೆಯಲ್ಲಿ ಕದ್ದು ಮಾಡು ಅಂದರೆ ಅದು ಅಭ್ಯಾಸ ಆಗೋದಿಲ್ಲ. ಆಪರೇಶನ್‌ಗೆ ಸಹಿ ಹಾಕುವ ಮುಂಚೆ ನಾವೂ "ಇದನ್ನ ನೀವು ಎಷ್ಟು ಮಾಡಿದ್ದೀರಿ ಡಾಕ್ಟ್ರೇ, ಪಕ್ಕದಲ್ಲಿ ಯಾರಿರ್ತಾರೆ?" ಅಂತ ಕೇಳೋದನ್ನ ರೂಢಿ ಮಾಡಿಕೊಳ್ಳಬೇಕು. ಒಳ್ಳೆಯ ಡಾಕ್ಟರು ಸಿಟ್ಟಾಗೋದಿಲ್ಲ. ಸಿಟ್ಟಾದರೆ ಅದೂ ಒಂದು ಉತ್ತರವೇ.

ನಾನೂ ರೂಮ್‌ಮೇಟೂ ಸೇರಿ ಚಳಿಗಾಲವೆಲ್ಲ ಕೂತು ನಾಲ್ಕು ಡಬ್ಬಿ ಮಾಡಿದ್ದೀವಿ. ಸಿಯಾಟಲ್ ಮಳೆಯಲ್ಲಿ ಬೇರೆ ಏನು ಮಾಡೋದು ಹೇಳಿ. ಮೊದಲನೆಯದು ಊರಿಗೆ ಹೊರಟ ಗೆಳೆಯನೊಬ್ಬನ ಸೂಟ್‌ಕೇಸಿನಲ್ಲಿ ಹೋಗಿ ಆ ಜೂನಿಯರ್ ಹುಡುಗಿಯ ಕೈ ಸೇರಿತು. ಉಳಿದ ಮೂರಕ್ಕೆ ವಾರಸುದಾರರು ಬೇಕು. ಓದುಗರಲ್ಲಿ ಜಿಲ್ಲಾ ಮಟ್ಟದ ಕಾಲೇಜಿನಲ್ಲಿ ಸರ್ಜರಿ ಕಲಿಯುವವರು, ಕಲಿಸುವವರು ಇದ್ದರೆ ದಯವಿಟ್ಟು ಬರೆಯಿರಿ, ಹಳೇ ಇಕ್ಕಳ ಕೊಡಬಲ್ಲವರೂ ಬರೆಯಿರಿ. ಷರತ್ತು ಒಂದೇ: ಡಬ್ಬಿ ಹಾಸ್ಟೆಲಿನ ಟಿವಿ ರೂಮಿನಲ್ಲಿ ಇರಬೇಕು, ಬೀಗ ಹಾಕುವಂತಿಲ್ಲ.